ಹಂಸಲೇಖರ ಹಾಡು ಒಳಗೆ, ಮಾತು ಹೊರಗೆ



ಹಂಸಲೇಖ ಅಂದ್ರೆ ನಮ್ಮ ವಯಸ್ಸಿನವರಿಗೆ ‘ಪ್ರೇಮಲೋಕ’, ಈಗಿನ ಹುಡುಗರಿಗೆ ಟಿವಿಯ ಮಹಾಗುರು. ಅವರ ಚರಿತ್ರೆಯಲ್ಲಿ ನಮಗೆ ಸೇರಿದ ಒಂದು ಅಧ್ಯಾಯವೂ ಇದೆ. ಅದನ್ನ ಬರೆದಿಡಬೇಕು.

1951ರಲ್ಲಿ ಹುಟ್ಟಿದ ಗಂಗರಾಜು ಲಾವಣಿ ನೀಲಕಂಠಪ್ಪನವರ ಶಿಷ್ಯ. 1973ರ ‘ತ್ರಿವೇಣಿ’ಗೆ ಹಾಡು ಬರೆದರು. ದೊಡ್ಡ ಹೆಸರು ಬಂದದ್ದು 1987ರ ‘ಪ್ರೇಮಲೋಕ’ದಿಂದ, ಅಂದ್ರೆ ಹದಿನಾಲ್ಕು ವರ್ಷ ಕಾದ ಮೇಲೆ. ಸಾಹಿತ್ಯವೂ ಅವರದೇ, ರಾಗವೂ ಅವರದೇ. ಪುಸ್ತಕದ ಕನ್ನಡ ಬಿಟ್ಟು ಬೀದಿಯ ಮಾತನ್ನೇ ಹಾಡು ಮಾಡಿದರು. ‘ರಣಧೀರ’, ‘ರಾಮಾಚಾರಿ’, ‘ಹಳ್ಳಿ ಮೇಷ್ಟ್ರು’, ‘ಆಕಸ್ಮಿಕ’ ಹೀಗೆ ಸಾಲುಸಾಲು. ನಮ್ಮ ತಿ. ನರಸೀಪುರದ ಕಡೆ ಮದುವೆ ಮನೆ ಮೈಕ್‌ಸೆಟ್ಟಲ್ಲಿ ಆ ಕ್ಯಾಸೆಟ್‌ಗಳು ಸವೆದುಹೋದವು. ಕೇರಿ, ಊರು ಅಂತ ಹಾಡು ನೋಡಲಿಲ್ಲ.

ಮನುಷ್ಯರು ನೋಡಿದರು. ಅದೇ ಕಾಲಕ್ಕೆ, 1993ರ ಮಾರ್ಚ್‌ನಲ್ಲಿ, ನಂಜನಗೂಡು ತಾಲ್ಲೂಕಿನ ಬದನವಾಳಿನಲ್ಲಿ ದೇವಸ್ಥಾನ ಪ್ರವೇಶದ ಗಲಾಟೆ ಬೆಳೆದು ಮೂವರು ದಲಿತರ ಕೊಲೆಯಾಯ್ತು. ನಾನು ಗುಮಾಸ್ತಿಕೆ ಮಾಡೋದು ಇದೇ ತಾಲ್ಲೂಕಲ್ಲಿ. ಹೊಸ್ತಿಲು ಅನ್ನೋದು ಇಲ್ಲಿ ಬರೀ ಮಾತಲ್ಲ, ಅದಕ್ಕೆ ರಕ್ತ ಹರಿದಿದೆ.

ಹಂಸಲೇಖರಿಗೆ 1995ರ ರಾಷ್ಟ್ರಪ್ರಶಸ್ತಿ ತಂದದ್ದು ‘ಗಾನಯೋಗಿ ಪಂಚಾಕ್ಷರಿ ಗವಾಯಿ’. ಕಣ್ಣಿಲ್ಲದ, ಗತಿಯಿಲ್ಲದ ಮಕ್ಕಳನ್ನ ಜಾತಿ ಕೇಳದೆ ಕೂರಿಸಿಕೊಂಡು ಸಂಗೀತ ಕಲಿಸಿದ ಗದಗಿನ ಗುರುವಿನ ಕತೆ ಅದು. ಆಗ ಎಲ್ಲರೂ ಚಪ್ಪಾಳೆ ಹೊಡೆದರು.

2021ರ ನವೆಂಬರ್‌ನಲ್ಲಿ ಅವರು ಮೈಸೂರಿನ ವೇದಿಕೆಯಲ್ಲಿ ಮಾತಾಡಿದರು. ಪೇಜಾವರ ಮಠದ ವಿಶ್ವೇಶತೀರ್ಥರು ದಲಿತರ ಕೇರಿಗೆ ಬಂದ ಪ್ರಸಂಗ ಎತ್ತಿ, ಬಂದು ಹೋಗೋದು ದೊಡ್ಡದಲ್ಲ, ದಲಿತರನ್ನ ತಮ್ಮ ಮನೆಗೆ ಕರೆದುಕೊಂಡು ಹೋಗಬೇಕು ಅಂದರು. ಊಟದ ವಿಚಾರವೂ ಬಂತು. ಸ್ವಾಮೀಜಿ ತೀರಿಕೊಂಡು ಎರಡು ವರ್ಷ ಆಗ್ತಾ ಬಂದಿತ್ತು, ಭಕ್ತರಿಗೆ ನೋವಾಯ್ತು. ಅದು ಅರ್ಥವಾಗುತ್ತೆ. ಆದರೆ ಕೇಸು ಬಿತ್ತು, ಎಪ್ಪತ್ತು ವರ್ಷದ ಕಲಾವಿದ ವಿಡಿಯೋದಲ್ಲಿ ಕ್ಷಮೆ ಕೇಳಿದರು. ಆದರೂ ಬಸವನಗುಡಿ ಪೊಲೀಸ್ ಠಾಣೆಗೆ ವಿಚಾರಣೆಗೆ ಹೋಗಬೇಕಾಯ್ತು.

ಗದ್ದಲವೆಲ್ಲ ಊಟದ ಮಾತಿನ ಮೇಲೆ ನಡೀತು. ‘ನಿಮ್ಮ ಮನೆಗೆ ಕರೀರಿ’ ಅನ್ನೋ ಮಾತಿಗೆ ಯಾರು ಉತ್ತರ ಕೊಟ್ಟರು? ಬರುವವರು, ಹೋಗುವವರು ಇಬ್ಬರೂ ಇದ್ದರೆ ತಾನೇ ನಂಟು? ಒಬ್ಬರೇ ಬಂದು ಹೋದರೆ ಅದು ಭೇಟಿ, ಫೋಟೋ.

ಎರಡು ವರ್ಷ ಕಳೀತು. 2023ರ ಅಕ್ಟೋಬರ್ 15ರಂದು ಅದೇ ಹಂಸಲೇಖ ಚಾಮುಂಡಿ ಬೆಟ್ಟದಲ್ಲಿ ದಸರಾ ಉದ್ಘಾಟಿಸಿದರು. ಸಂತೋಷ. ನಾಡು ಅವರನ್ನ ಒಳಗೆ ಕರೀತು. ಅವರ ಪ್ರಶ್ನೆ ಮಾತ್ರ ಇನ್ನೂ ಹೊರಗೇ ನಿಂತಿದೆ.

ನಮ್ಮೂರ ಹಬ್ಬಕ್ಕೆ ತಮಟೆ ಬೇಕೇ ಬೇಕು, ತಮಟೆ ಇಲ್ಲದೆ ದೇವರೂ ಏಳಲ್ಲ. ಕರೆಸೋ ಯಜಮಾನರೇ, ಈ ಸಲ ಒಂದು ಹೇಳಿ: ಬಡಿದವರಿಗೆ ಎಲೆ ಎಲ್ಲಿ ಹಾಕ್ತೀರಿ?

ಜೈಭೀಮ್.