ಛಾಯಾಗ್ರಾಹಕ ದಾನಿಲೊ ದೆಮುತ್ಸ್ಕಿ

೧೯೫೮ರಲ್ಲಿ ಬ್ರಸೆಲ್ಸ್ ನಗರದ ವಿಶ್ವಪ್ರದರ್ಶನದ ಸಂದರ್ಭದಲ್ಲಿ ವಿಮರ್ಶಕರೂ ಚರಿತ್ರಕಾರರೂ ಸೇರಿ ಲೋಕದ ಅತ್ಯುತ್ಕೃಷ್ಟ ಚಲಚ್ಚಿತ್ರಗಳೆಂದು ಹನ್ನೆರಡನ್ನು ಆರಿಸಿದರು. ಅವುಗಳಲ್ಲಿ ಯುಕ್ರೇನ್ ದೇಶದ 'ಭೂಮಿ' ಎಂಬುದೂ ಒಂದು. ಅದರ ಕೀರ್ತಿಯೆಲ್ಲವೂ ನಿರ್ದೇಶಕ ದೊವ್ಜೆಂಕೊ ಮಹಾಶಯನಿಗೆ ಸಂದಿತು, ಸಲ್ಲತಕ್ಕದ್ದೇ. ಆದರೆ ಆ ಚಿತ್ರವನ್ನು ಕಂಡ ಕಣ್ಣು ಇನ್ನೊಬ್ಬನದು.

ದಾನಿಲೊ ದೆಮುತ್ಸ್ಕಿ ೧೮೯೩ರಲ್ಲಿ ಕೀವ್ ಪ್ರಾಂತದ ಓಖ್ಮಾತಿವ್ ಗ್ರಾಮದಲ್ಲಿ ಜನಿಸಿದನು. ತಂದೆ ವೃತ್ತಿಯಿಂದ ವೈದ್ಯ. ಪ್ರವೃತ್ತಿಯಿಂದ ಜಾನಪದ ಗೀತೆಗಳ ಸಂಗ್ರಾಹಕ, ಹಳ್ಳಿಗರ ಗಾನಮೇಳದ ನಾಯಕ. ತಂದೆ ಕಿವಿಯಿಂದ ಸಂಗ್ರಹಿಸಿದ ಗ್ರಾಮಜೀವನವನ್ನು ಮಗನು ಕಣ್ಣಿನಿಂದ ಸಂಗ್ರಹಿಸಿದನೆಂದರೆ ಅತಿಶಯೋಕ್ತಿಯಾಗದು. ೧೯೨೫ರ ಪ್ಯಾರಿಸ್ ಪ್ರದರ್ಶನದಲ್ಲಿ ಅವನ ಛಾಯಾಚಿತ್ರಗಳಿಗೆ ಸ್ವರ್ಣಪದಕ ದೊರೆಯಿತು. ತರುವಾಯ ಒಡೆಸ್ಸಾದ ಚಿತ್ರಶಾಲೆಯನ್ನು ಸೇರಿ, ದೊವ್ಜೆಂಕೊನೊಡನೆ 'ಶಸ್ತ್ರಾಗಾರ' (೧೯೨೯), 'ಭೂಮಿ' (೧೯೩೦) ಎಂಬ ಚಿತ್ರಗಳನ್ನು ತೆಗೆದನು.

ಆಗಿನ ಸ್ಥಿರಚಿತ್ರಕಾರರು ಕೆಲವರು ಒಂದೇ ಗಾಜಿನ, ದೋಷ ಪರಿಹರಿಸದ ಮಸೂರವನ್ನು ಮೆಚ್ಚುತ್ತಿದ್ದರು. ಅದರಲ್ಲಿ ಬೆಳಕು ವಸ್ತುವಿನ ಅಂಚನ್ನು ಮೀರಿ ಹರಡುತ್ತದೆ. ಕುಶಲಿಗಳು ನ್ಯೂನತೆಯೆನ್ನುವುದನ್ನೇ ದೆಮುತ್ಸ್ಕಿ ಗುಣವನ್ನಾಗಿ ಮಾಡಿಕೊಂಡನು. 'ಭೂಮಿ'ಯ ಆರಂಭವನ್ನು ನೋಡಿದವರು ಮರೆಯಲಾರರು: ಗಾಳಿಗೆ ಅಲೆಯಲೆಯಾಗಿ ಬಾಗುವ ಪೈರು, ಸೂರ್ಯಕಾಂತಿಯ ಪಕ್ಕದಲ್ಲಿ ನಿಂತ ತರುಣಿ, ಸೇಬುಹಣ್ಣುಗಳ ನಡುವೆ ನೆಮ್ಮದಿಯಿಂದ ಪ್ರಾಣಬಿಡುವ ವೃದ್ಧ. ಮುಂದೆ ವಾಸಿಲ್ ಎಂಬ ಯುವಕನು ಇರುಳಿನಲ್ಲಿ ದಾರಿಯ ಧೂಳೆಬ್ಬಿಸುತ್ತ ಒಬ್ಬನೇ ಕುಣಿದು ಬರುತ್ತಾನೆ; ಧೂಳೂ ಬೆಳದಿಂಗಳೂ ಒಂದಾಗಿರುವಾಗಲೇ ಗುಂಡೇಟಿಗೆ ಉರುಳುತ್ತಾನೆ. ಅವನ ಶವಯಾತ್ರೆಯಲ್ಲಿ ಹಣ್ಣು ತುಂಬಿದ ಕೊಂಬೆಗಳು ಮೃತನ ಮುಖವನ್ನು ಸವರುತ್ತವೆ. ಕಡೆಗೆ ಹಣ್ಣುಗಳ ಮೇಲೆ ಮಳೆ. ಕಥೆಯು ಸಾಮೂಹಿಕ ಬೇಸಾಯದ ಪಕ್ಷವನ್ನು ವಹಿಸಿದುದು. ಆದರೆ ಈ ಚಿತ್ರಗಳು ಯಾವ ಪಕ್ಷವನ್ನೂ ವಹಿಸುವುದಿಲ್ಲವೆಂದು ನನಗೆ ತೋರುತ್ತದೆ. ಮಾಸ್ಕೋದ ಪತ್ರಿಕೆಯಲ್ಲಿ ಬೆದ್ನಿ ಎಂಬ ಕವಿಯು 'ಭೂಮಿ'ಯನ್ನು ಕಟುವಾಗಿ ಖಂಡಿಸಿದುದಕ್ಕೆ ಇದೂ ಕಾರಣವಿರಬಹುದು.

ಮುಂದಿನ ದಶಕದಲ್ಲಿ ದೆಮುತ್ಸ್ಕಿ ಬಂಧನಕ್ಕೊಳಗಾಗಿ ತಾಷ್ಕೆಂಟಿಗೆ ಗಡೀಪಾರಾದನು. ದೊವ್ಜೆಂಕೊ ಬೇರೆಯವರೊಡನೆ ಚಿತ್ರ ತೆಗೆಯಬೇಕಾಯಿತು. ಉಜ್ಬೆಕ್ ದೇಶದ ಬಿಸಿಲಿನಲ್ಲಿ ಈತನು 'ಬುಖಾರೆಯಲ್ಲಿ ನಸ್ರುದ್ದೀನ್' (೧೯೪೩), 'ತಾಹಿರ್ ಮತ್ತು ಜುಹ್ರಾ' (೧೯೪೫) ಚಿತ್ರಗಳಿಗೆ ಕೆಲಸ ಮಾಡಿದನು. ಯುದ್ಧಾನಂತರ ಕೀವಿಗೆ ಮರಳಿದನು. 'ತರಾಸ್ ಶೆವ್ಚೆಂಕೊ' ಚಿತ್ರಕ್ಕಾಗಿ ೧೯೫೨ರಲ್ಲಿ ಅವನಿಗೆ ಸ್ಟಾಲಿನ್ ಪಾರಿತೋಷಕ ಬಂದಿತು: ಅವನನ್ನು ಗಡೀಪಾರು ಮಾಡಿದ ಸರಕಾರವೇ ಅದನ್ನು ಕೊಟ್ಟಿತು. ಎರಡು ವರ್ಷಗಳ ತರುವಾಯ ಅವನು ಕೀವಿನಲ್ಲಿ ತೀರಿಕೊಂಡನು.