ಅರ್ಧ ಇಂಚಿನ ಚರಿತ್ರೆ

ದೊಡವಾಡದ ನಮ್ಮ ಮನೆಯ ಬಚ್ಚಲಲ್ಲಿ ಎರಡು ಹಿಡಿಕೆಯ ನಳವೊಂದಿದೆ. ಎಡಕ್ಕೆ ಬಿಸಿನೀರು, ಬಲಕ್ಕೆ ತಣ್ಣೀರು. ಮಾಳಿಗೆಯ ಮೇಲೆ ಸೋಲಾರ್ ಬಂದ ವರ್ಷ ತಾಮ್ರದ ಹಂಡೆಯನ್ನು ಹಿತ್ತಲಿಗೆ ಕಳಿಸಿ ಇದನ್ನು ಕೂರಿಸಿದ್ದೆವು. ಕಳೆದ ಚಳಿಗಾಲದಲ್ಲಿ ಎಡಗಡೆಯದು ಸೋರತೊಡಗಿತು. ರಾತ್ರಿ ಇಟ್ಟ 18 ಲೀಟರಿನ ಬಕೆಟ್ ಬೆಳಗಾಗುವಷ್ಟರಲ್ಲಿ ತುಂಬಿರುತ್ತಿತ್ತು. ಜಲ ಜೀವನ್ ಮಿಷನ್ ಹಳ್ಳಿಯ ಒಬ್ಬರಿಗೆ ದಿನಕ್ಕೆ ಲೆಕ್ಕ ಹಿಡಿಯುವುದು 55 ಲೀಟರ್. ಅಂದರೆ ಒಬ್ಬರ ಪಾಲಿನ ಮೂರನೆಯ ಒಂದು ಭಾಗ, ಅದೂ ಮಂಡಿನೋವಿನ ಅಜ್ಜಿಗೆಂದು ಕಾದ ನೀರು, ತಣ್ಣಗಾಗಿ ಬಕೆಟ್ಟಿನಲ್ಲಿ ಕೂತಿರುತ್ತಿತ್ತು.

ರಜೆಗೆ ಬಂದಿದ್ದ ನಾನು ಬೈಲಹೊಂಗಲಕ್ಕೆ ಹೋಗಿ, ‘ಅರ್ಧ ಇಂಚಿನ ಸ್ಪಿಂಡಲ್’ ಎಂದು ಕೇಳಿ ತಂದೆ. ನಳದೊಳಗೆ ಅದು ಇಳಿಯಲೇ ಇಲ್ಲ. ಬದಲಿಸಿ ತಂದದ್ದು ಇಳಿಯಿತು, ಆದರೆ ಹಿಡಿಕೆ ಅದರ ತುದಿಗೆ ಕೂರಲಿಲ್ಲ. ಮೂರನೆಯ ಸಲ ಅಂಗಡಿಯ ಹಿರಿಯರು ನಕ್ಕರು: “ತಮ್ಮಾ, ಹಳೇದ ಬಿಚ್ಚಿಕೊಂಡು ಬಾರಪಾ. ಬರೇ ಅರ್ಧ ಇಂಚ ಅಂದ್ರ ನನಗ ಹ್ಯಾಂಗ ತಿಳೀಬೇಕು?” ಮೂಲ ದಾಖಲೆ ನೋಡದೆ ಬರೆಯುವವರನ್ನು ವರ್ಷವಿಡೀ ಬೈಯುವ ಸಂಶೋಧನಾ ವಿದ್ಯಾರ್ಥಿ ನಾನು. ಮೂಲ ಸ್ಪಿಂಡಲ್ ಇಲ್ಲದೆ ಪೇಟೆಗೆ ಹೋಗಿದ್ದೆ!

ಈ ‘ಅರ್ಧ ಇಂಚು’ ಎಂಬುದಾದರೂ ಏನು? ಅದಕ್ಕೆ ಸ್ವಲ್ಪ ಹಿಂದೆ ಹೋಗಬೇಕು.

ಕೊಳವೆಯಲ್ಲಿ ನೀರು ತರುವುದು ನಮಗೆ ಹೊಸದಲ್ಲ. 1651ರಲ್ಲಿ ಮುಹಮ್ಮದ್ ಆದಿಲ್ ಷಾಹನ ಕಾಲದಲ್ಲಿ ಕಟ್ಟಿದ ಬೇಗಂ ತಾಲಾಬಿನಿಂದ ವಿಜಾಪುರಕ್ಕೆ ಮಣ್ಣಿನ ಕೊಳವೆಗಳಲ್ಲಿ ನೀರು ಹರಿಯುತ್ತಿತ್ತು. ಅಲ್ಲಿ ನೀರಿನ ಒತ್ತಡವನ್ನು ಇಳಿಸಲೆಂದೇ ದಾರಿಯುದ್ದಕ್ಕೂ ‘ಗಂಜ್’ ಎಂಬ ಗೋಪುರಗಳನ್ನು ಕಟ್ಟಿದ್ದರು. ಹತ್ತೊಂಬತ್ತನೆಯ ಶತಮಾನದ ಇಂಗ್ಲೆಂಡಿಗೆ ಬೇಕಾದದ್ದು ಇದಕ್ಕೆ ತದ್ವಿರುದ್ಧ: ಒತ್ತಡ ಇಳಿಸದೆ, ಮನೆಯೊಳಗೇ ಅದನ್ನು ತಡೆದು ನಿಲ್ಲಿಸುವ ಸಾಧನ. 1845ರಲ್ಲಿ ರಾದರ್‌ಹ್ಯಾಮ್‌ನ ಗೆಸ್ಟ್ ಅಂಡ್ ಕ್ರೈಮ್ಸ್ ಕಾರ್ಖಾನೆಯಿಂದ ಬಂದ ತಿರುಪಿನ ನಳ ಆ ಕೆಲಸ ಮಾಡಿತು. ಸ್ಪಿಂಡಲ್ ತಿರುಗುತ್ತ ಕೆಳಗಿಳಿದು ವಾಷರನ್ನು ಒತ್ತುತ್ತದೆ, ನೀರು ನಿಲ್ಲುತ್ತದೆ. ಸವೆಯುವುದು ಮುಖ್ಯವಾಗಿ ವಾಷರ್ ಒಂದೇ.

ಅದಕ್ಕೆ ನಾಲ್ಕು ವರ್ಷ ಮೊದಲು, 1841ರಲ್ಲಿ, ಜೋಸೆಫ್ ವಿಟ್‌ವರ್ತ್ ಬೇರೆ ಬೇರೆ ಕಾರ್ಖಾನೆಗಳ ತಿರುಪುಗಳನ್ನು ಕೂಡಿಸಿ, ಅಳೆದು, ಒಂದೇ ಮಾದರಿಯ ಥ್ರೆಡ್ ಸೂಚಿಸಿದ್ದ. ಅದರ ಕೋನ 55 ಡಿಗ್ರಿ. ಮುಂದೆ ಪೈಪುಗಳ ಥ್ರೆಡ್ಡೂ ಅದೇ ಕೋನ ಹಿಡಿಯಿತು. ಅರ್ಧ ಇಂಚಿನ ಪೈಪ್ ಥ್ರೆಡ್ಡಿಗೆ ಇಂಚಿಗೆ 14 ಸುತ್ತು. ಆದರೆ ಅದನ್ನು ಹೊರಗಿನಿಂದ ಅಳೆದರೆ ಸುಮಾರು 21 ಮಿಲಿಮೀಟರ್, ಮುಕ್ಕಾಲು ಇಂಚಿಗಿಂತ ಹೆಚ್ಚು! ಏಕೆಂದರೆ ‘ಅರ್ಧ ಇಂಚು’ ಎಂಬುದು ಹಳೆಯ ಕಬ್ಬಿಣದ ಪೈಪಿನ ಒಳಬಾಯಿಯ ಅಳತೆ. ಅದೀಗ ಅಳತೆಯಾಗಿ ಉಳಿದಿಲ್ಲ, ಹೆಸರಾಗಿ ಉಳಿದಿದೆ.

1956ರಲ್ಲಿ ಬೆಳಗಾವಿ ಜಿಲ್ಲೆ ಮುಂಬಯಿ ರಾಜ್ಯ ಬಿಟ್ಟು ಮೈಸೂರಿಗೆ ಸೇರಿತು. ಅದೇ ವರ್ಷ ಮೆಟ್ರಿಕ್ ತೂಕ-ಅಳತೆಯ ಕಾಯ್ದೆಯೂ ಬಂತು. ಸೇರು ಹೋಗಿ ಕಿಲೋ ಬಂದರೂ ಪೈಪು ಜಗ್ಗಲಿಲ್ಲ. ನಮ್ಮ ಕಡೆಯ ಹಳೆಯ ಕೆಲಸಗಾರರು ಇಂದಿಗೂ ‘ನಾಲ್ಕು ಸೂತಿನ ಪೈಪು’ ಅನ್ನುತ್ತಾರೆ. ಎಂಟು ಸೂತಿಗೆ ಒಂದು ಇಂಚು. ಸೂತು ಅಂದರೆ ನೂಲು, ಸಂಸ್ಕೃತದ ಸೂತ್ರ. ಇಂಗ್ಲಿಷಿನವರ ಇಂಚನ್ನು ನಮ್ಮವರು ನೂಲಿನಲ್ಲಿ ಅಳೆದು ಒಗ್ಗಿಸಿಕೊಂಡರು.

ಆದರೆ ಈ ಏಕರೂಪತೆ ನಿಂತದ್ದು ನಳ ಪೈಪಿಗೆ ಸೇರುವ ಬಾಯಿಯಲ್ಲಿ. ಯಾವ ಕಂಪನಿಯ ನಳವೂ ಯಾವ ಗೋಡೆಗಾದರೂ ಕೂರಬೇಕು, ಇಲ್ಲದಿದ್ದರೆ ಮಾರಾಟವಾಗದು. ಒಳಗಿನ ಸ್ಪಿಂಡಲ್‌ಗೆ ಅಂಥ ಒತ್ತಾಯವಿಲ್ಲ. ಗಿರಾಕಿ ಮತ್ತೆ ತಮ್ಮಲ್ಲಿಗೇ ಬರಲಿ ಎಂಬ ಲೆಕ್ಕವೂ ಇದ್ದೀತು ಎಂಬುದು ನನ್ನ ಗುಮಾನಿ.

ಹಾಗಾಗಿ ಹಳೆಯದನ್ನು ಓದಲು ಕಲಿಯಬೇಕಾಯಿತು. ನೀರು ಬಂದ್ ಮಾಡಿ, ಹಿಡಿಕೆ ತೆಗೆದು, ಪಾನಾದಿಂದ ಬಿಚ್ಚಿದೆ. ನಮ್ಮದು ವಾಷರಿನದಲ್ಲ, ಕಾಲು ಸುತ್ತಿಗೇ ತೆರೆಯುವ ಸೆರಾಮಿಕ್ ಬಿಲ್ಲೆಗಳದು. ನಳಕ್ಕೆ ತಿರುಪುವ ಥ್ರೆಡ್ಡಿನ ದಪ್ಪವನ್ನೂ ಸುತ್ತುಗಳ ಅಂತರವನ್ನೂ ಹೊಸದರ ಜೊತೆ ಹಿಡಿದು ನೋಡಬೇಕು. ಕೆಳಗಿನ ರಬ್ಬರ್ ಸೀಲಿನಿಂದ ತುದಿಯವರೆಗಿನ ಉದ್ದ ಒಂದೇ ಇರಬೇಕು; ಗಿಡ್ಡಾದರೆ ಸೋರುತ್ತದೆ, ಉದ್ದವಾದರೆ ಹಿಡಿಕೆ ಎತ್ತರದಲ್ಲಿ ನಿಲ್ಲುತ್ತದೆ. ಹಿಡಿಕೆ ಕೂರುವ ತುದಿಯ ಹಲ್ಲುಗಳನ್ನಂತೂ ಎಣಿಸಲೇಬೇಕು. 20 ಹಲ್ಲಿನದೂ ಇದೆ, 24 ಹಲ್ಲಿನದೂ ಇದೆ, ಕಣ್ಣಿಗೆ ಎರಡೂ ಒಂದೇ. ನನ್ನ ಎರಡನೆಯ ಸೋಲು ಈ ನಾಲ್ಕು ಹಲ್ಲುಗಳದ್ದು.

ಹಳೆಯದನ್ನು ಕೈಗಿಟ್ಟಾಗ ಹಿರಿಯರು ಕೇಳಿದ ಮೊದಲ ಪ್ರಶ್ನೆ ಇವು ಯಾವುದೂ ಆಗಿರಲಿಲ್ಲ. “ಬಿಸಿದೋ, ತಣ್ಣಂದೋ?” ಎರಡು ಹಿಡಿಕೆಯ ಸೆರಾಮಿಕ್ ನಳಗಳಲ್ಲಿ ಎಡದ್ದು, ಬಲದ್ದು ಸಾಮಾನ್ಯವಾಗಿ ಒಂದಕ್ಕೊಂದು ವಿರುದ್ಧ ದಿಕ್ಕಿಗೆ ತೆರೆಯುತ್ತವೆ. ಅದಲುಬದಲಾದರೆ ಹಿಡಿಕೆ ಉಲ್ಟಾ ತಿರುಗುತ್ತದೆ. “ಒಳಗ ಸೀಲ್ ಕೂರೂ ಜಾಗ ಬಟ್ಟೀಲೆ ಒರಸು. ಅಲ್ಲಿ ಕಸ ಇದ್ರ ಹೊಸದೂ ಸೋರತೈತಿ” ಎಂದೂ ಹೇಳಿ ಕಳಿಸಿದರು.

ಒರೆಸಿದೆ. ಬೆರಳಿಗೆ ಬಿಳಿಯ ಸುಣ್ಣದ ಪದರ ಹತ್ತಿತು. ಮರುದಿನ ಬೆಳಗ್ಗೆ ಬಕೆಟ್ ಒಣಗಿತ್ತು. ಅಜ್ಜಿ ನಳವನ್ನು ಎರಡು ಸಲ ತೆರೆದು ಮುಚ್ಚಿ ನೋಡಿ, ಹಂಡೆಯನ್ನು ಮಾತ್ರ ಮಾರಬಾರದೆಂದು ಹೇಳಿ ಸ್ನಾನಕ್ಕೆ ಹೋದಳು.