ಬೆಳ್ಳಿಗೆ ಅಂಟಿದ ಬಟ್ಟೆ

ಹೈಸ್ಕೂಲಿನ ಚರಿತ್ರೆ ಪುಸ್ತಕದಲ್ಲಿ ಒಬ್ಬ ಗಡ್ಡದವನ ಚಿತ್ರ ಇತ್ತು. ಅರೆಮುಚ್ಚಿದ ಕಣ್ಣು, ಹಣೆಗೊಂದು ಪಟ್ಟಿ, ಎಡ ಹೆಗಲ ಮೇಲೆ ಮೂರೆಸಳಿನ ಚಿತ್ತಾರದ ಹೊದಿಕೆ. ಮೊಹೆಂಜೊದಾರೊದಲ್ಲಿ 1925-26ರ ಅಗೆತದಲ್ಲಿ ಸಿಕ್ಕ ಬಳಪದ ಕಲ್ಲಿನ ಗೊಂಬೆ ಅದು. ಎತ್ತರ 17.5 ಸೆಂಟಿಮೀಟರು, ಒಂದು ಗೇಣೂ ಇಲ್ಲ. ವಿದ್ವಾಂಸರು ಇಟ್ಟ ಹೆಸರು ‘ಪುರೋಹಿತ ರಾಜ’. ಅವನು ಪುರೋಹಿತ ಅನ್ನೋದಕ್ಕೆ ಪುರಾವೆ ಇಲ್ಲ, ರಾಜ ಅನ್ನೋದಕ್ಕೂ ಇಲ್ಲ. ಮೈಮೇಲೆ ಒಳ್ಳೆ ಬಟ್ಟೆ ಕಂಡ ಕೂಡಲೇ ಪಂಡಿತರಿಗೆ ಪುರೋಹಿತನೂ ರಾಜನೂ ಒಟ್ಟಿಗೇ ನೆನಪಾದರು, ಅಷ್ಟೆ. ಪರೀಕ್ಷೆಯಲ್ಲಿ ಅವನ ಮೇಲೆ ಎರಡು ಮಾರ್ಕಿನ ಪ್ರಶ್ನೆ ಬರುತ್ತಿತ್ತು. ಆ ಹೊದಿಕೆ ನೇಯ್ದವರು ಯಾರು ಅಂತ ಮೇಷ್ಟ್ರು ಕೇಳಲಿಲ್ಲ, ನಾನೂ ಕೇಳಲಿಲ್ಲ. ಅಪ್ಪ ಅವ್ವ ಇಬ್ಬರೂ ಅಕ್ಷರ ಕಂಡವರಲ್ಲ. ಪುಸ್ತಕದಲ್ಲಿ ಅಚ್ಚಾದದ್ದೇ ಚರಿತ್ರೆ ಅಂತ ನಂಬಿ ಬಾಯಿಪಾಠ ಮಾಡಿದೆ.

ಈಗ ಕೇಳಬೇಕು ಅನ್ನಿಸಿದೆ. ಕೇಳುವುದು ಸುಲಭ, ಉತ್ತರ ಸುಲಭವಿಲ್ಲ. ಯಾಕೆಂದರೆ ಬಟ್ಟೆ ಕೊಳೆಯುತ್ತೆ. ಇಟ್ಟಿಗೆ ಉಳಿಯುತ್ತೆ, ಮಡಕೆ ಒಡೆದರೂ ಚೂರು ಉಳಿಯುತ್ತೆ, ಆದರೆ ನಮ್ಮ ನೆಲದ ಮಳೆಗೆ, ಸೆಕೆಗೆ, ಹುಳಕ್ಕೆ ನೂಲು ಉಳಿಯೋದಿಲ್ಲ. ಈಜಿಪ್ಟಿನ ಮರಳು ಹೆಣಗಳ ಸಮೇತ ನಾರುಬಟ್ಟೆಯನ್ನು ಕಾಪಾಡಿತು. ಸಿಂಧೂ ಬಯಲಿಗೆ ಆ ಭಾಗ್ಯ ಇರಲಿಲ್ಲ. ಅಷ್ಟು ದೊಡ್ಡ ಪಟ್ಟಣಗಳು, ಅಷ್ಟು ಜನ ಉಟ್ಟ ಬಟ್ಟೆ. ಉಳಿದದ್ದು ಬೆರಳುಗುರಿನಷ್ಟು ಅಗಲದ ಚೂರುಗಳು.

ಆ ಚೂರುಗಳಾದರೂ ಹೇಗೆ ಉಳಿದವು? ಮೊಹೆಂಜೊದಾರೊದಲ್ಲಿ ಒಡವೆ ತುಂಬಿ ಹೂತಿಟ್ಟ ಒಂದು ಬೆಳ್ಳಿ ಪಾತ್ರೆ ಸಿಕ್ಕಿತು. ಅದರ ಮೈಗೆ ಬಟ್ಟೆಯ ತುಣುಕು ಅಂಟಿಕೊಂಡಿತ್ತು. ಮುಂಬಯಿಯ ಹತ್ತಿ ಪ್ರಯೋಗಶಾಲೆಯಲ್ಲಿ ಟರ್ನರ್ ಮತ್ತು ಗುಲಾಟಿ ಎಂಬುವರು ಅದನ್ನು ಪರೀಕ್ಷೆ ಮಾಡಿ ಹತ್ತಿ ಎಂದು ತೀರ್ಮಾನಿಸಿದರು. ಮಂಜಿಷ್ಠದ ಬೇರಿನ ಕೆಂಪು ಬಣ್ಣ ಕೂಡ ಗುರುತು ಸಿಕ್ಕಿತು. ಲೋಹ ಕಿಲುಬು ಹಿಡಿದಾಗ ಅದರ ಲವಣ ನೂಲಿಗೆ ಇಳಿಯುತ್ತೆ, ನೂಲು ತಿನ್ನುವ ಸೂಕ್ಷ್ಮಜೀವಿಗಳು ಸಾಯುತ್ತವೆ. ಬಲೂಚಿಸ್ತಾನದ ಮೆಹರ್‌ಗಢದಲ್ಲೂ ಇದೇ ಕತೆ. ಅಲ್ಲಿ ಒಂದು ಗೋರಿಯಲ್ಲಿ ಸಿಕ್ಕ ತಾಮ್ರದ ಮಣಿಯ ತೂತಿನೊಳಗೆ ಹತ್ತಿಯ ಎಳೆ ಇತ್ತು. ಕ್ರಿ.ಪೂ. ಆರನೇ ಸಹಸ್ರಮಾನದ್ದು, ಅಂದರೆ ಏಳು ಸಾವಿರ ವರ್ಷಕ್ಕೂ ಹಿಂದಿನದು. 2002ರಲ್ಲಿ ಇದು ಪ್ರಕಟವಾಯಿತು. ಹರಪ್ಪದಲ್ಲಿ ಮತ್ತು ಚನ್ಹುದಾರೊದಲ್ಲಿ ಕಾಡುರೇಷ್ಮೆಯ ಎಳೆ ಇತ್ತೆಂದು 2009ರಲ್ಲಿ ಪ್ರಕಟವಾಯಿತು. ಅದು ತಿಳಿದದ್ದೂ ಒಡವೆಗಳಿಂದಲೇ.

ಅಂದರೆ ಬೆಳ್ಳಿ ಮುಟ್ಟಿದ ಬಟ್ಟೆ ಉಳಿಯಿತು, ತಾಮ್ರ ಮುಟ್ಟಿದ ನೂಲು ಉಳಿಯಿತು. ಒಡವೆ ಇಲ್ಲದವನ ಪಂಚೆ, ಕೂಲಿಯವಳ ಸೀರೆ ಮಣ್ಣಾಯಿತು. ಉಳ್ಳವರ ಪೆಟ್ಟಿಗೆಗೆ ತಾಗಿಕೊಂಡದ್ದಷ್ಟೇ ನಮ್ಮ ಕೈಗೆ ಬಂದು, ಅದೇ ಇಡೀ ನಾಗರಿಕತೆಯ ಬಟ್ಟೆ ಅನ್ನಿಸಿಕೊಂಡಿದೆ.

ಬಟ್ಟೆ ಹೋದರೂ ಸಲಕರಣೆ ಉಳಿದಿದೆ. ನಮ್ಮ ಶಾಲೆಗಳಲ್ಲಿ ಒಂದು ಕಾಲಕ್ಕೆ ತಕಲಿ ಹಿಡಿಸುತ್ತಿದ್ದರಲ್ಲ, ಅದರ ಕೆಳಗೊಂದು ಭಾರದ ಬಿಲ್ಲೆ ಇರುತ್ತೆ. ಕಡ್ಡಿ ಮರದ್ದಾದರೆ ಕೊಳೆಯುತ್ತೆ, ಬಿಲ್ಲೆ ಮಣ್ಣಿನದಾದರೆ ಉಳಿಯುತ್ತೆ. ಬಿಲ್ಲೆಯ ತೂಕ ನೋಡಿ ಎಂಥ ನೂಲು ತೆಗೆದಿರಬಹುದು ಅಂತ ಅಂದಾಜು ಮಾಡುತ್ತಾರೆ: ಹಗುರ ಬಿಲ್ಲೆಗೆ ಹತ್ತಿಯಂಥ ಚಿಕ್ಕ ಎಳೆಯ ಸಣ್ಣ ನೂಲು, ಭಾರದ್ದಕ್ಕೆ ದಪ್ಪ ನೂಲು. ಮೊಹೆಂಜೊದಾರೊದ ಮನೆಮನೆಯಲ್ಲಿ ಇಂಥ ಬಿಲ್ಲೆಗಳು ಸಿಕ್ಕವು. ಕೆಲವು ಬರೀ ಸುಟ್ಟ ಮಣ್ಣು, ಕೆಲವು ಶಂಖ, ಕೆಲವು ಗಾಜಿನ ಹೊಳಪಿನ ಫಯಾನ್ಸ್. ಅಗೆತದ ಮುಖ್ಯಸ್ಥ ಜಾನ್ ಮಾರ್ಷಲ್ ಇದರಿಂದ ಒಂದು ತೀರ್ಮಾನಕ್ಕೆ ಬಂದ: ಬಡವರೂ ಶ್ರೀಮಂತರೂ ಇಬ್ಬರೂ ನೂಲುತ್ತಿದ್ದರು ಅಂತ.

ಇಲ್ಲಿ ನನಗೆ ತಕರಾರಿದೆ. ಗೌಡರ ಮನೆಯಲ್ಲಿ ಬೀಸೋಕಲ್ಲು ಇರುತ್ತೆ. ಒಳ್ಳೇ ಕಲ್ಲೇ ಇರುತ್ತೆ. ಹಾಗಂತ ರಾಗಿ ಬೀಸಿದ್ದು ಗೌಡತಿಯೇ ಅಂತ ಹೇಳಲಾದೀತೆ? ಬೆಲೆಬಾಳುವ ಬಿಲ್ಲೆ ದೊಡ್ಡ ಮನೆಯಲ್ಲಿ ಸಿಕ್ಕರೆ ಬಿಲ್ಲೆ ಆ ಮನೆಯದು, ಸರಿ. ಅದನ್ನು ತಿರುಗಿಸಿದ ಬೆರಳು ಯಾರದು? ಸಾಹೇಬ ಅಡುಗೆಯವರ ಮನೆಯಲ್ಲಿ ಹುಟ್ಟಿದ್ದರೆ ಈ ಪ್ರಶ್ನೆ ಅವನಿಗೂ ಹೊಳೆಯುತ್ತಿತ್ತೇನೋ.

ಗುಜರಾತಿನ ಲೋಥಲ್‌ಗೆ ಬನ್ನಿ. ಅದನ್ನು 1955ರಿಂದ ಅಗೆಸಿದವರು ನಮ್ಮ ಕನ್ನಡ ನಾಡಿನವರೇ ಆದ ಎಸ್.ಆರ್. ರಾವ್. ಅಲ್ಲಿನ ಉಗ್ರಾಣಕ್ಕೆ ಯಾವಾಗಲೋ ಬೆಂಕಿ ಬಿದ್ದಿತ್ತು. ಸರಕಿನ ಗಂಟುಗಳ ಮೇಲೆ ಒತ್ತಿದ್ದ ಹಸಿಮಣ್ಣಿನ ಮುದ್ರೆಗಳು ಆ ಬೆಂಕಿಯಲ್ಲಿ ಬೆಂದು ಗಟ್ಟಿಯಾಗಿ ಉಳಿದವು. ಅವಕ್ಕೆ ಎರಡು ಮುಖ. ಮುಂದೆ ಯಜಮಾನನ ಮುದ್ರೆ: ಒಂದು ಕೊಂಬಿನ ಪ್ರಾಣಿ, ಇವತ್ತಿಗೂ ಓದಲಾಗದ ಲಿಪಿ. ಹಿಂದೆ ಗಂಟಿನ ಹಗ್ಗದ ಗುರುತು, ಚಾಪೆಯ ಗುರುತು, ನೇಯ್ದ ಬಟ್ಟೆಯ ಗುರುತು. ಬಟ್ಟೆ ಸುಟ್ಟು ಬೂದಿಯಾಗಿದೆ, ಆದರೆ ಅದರ ಹಾಸು ಹೊಕ್ಕು ಮಣ್ಣಿನಲ್ಲಿ ಅಚ್ಚಾಗಿ ಕೂತಿದೆ. ನಾವು ಹೆಚ್ಚಾಗಿ ನೋಡುವುದು ಮುಂದಿನ ಮುಖವನ್ನು. ಲಿಪಿ ಓದಲು ನೂರು ವರ್ಷದಿಂದ ಪಂಡಿತರು ತಲೆ ಚಚ್ಚಿಕೊಳ್ಳುತ್ತಿದ್ದಾರೆ. ಹಿಂದಿನ ಮುಖದ ಬರಹ ಮಾತ್ರ ಯಾವ ನೇಕಾರನಾದರೂ ಓದಿಯಾನು.

ಲೋಥಲ್‌ನಂಥ ಊರುಗಳ ಸರಕು ಕಡಲು ದಾಟಿ ಹೋಗುತ್ತಿತ್ತು. ಇಂದಿನ ಇರಾಕಿನಲ್ಲಿದ್ದ ಸುಮೇರಿನವರು ‘ಮೆಲುಹ್ಹ’ ಅಂತ ಒಂದು ದೇಶದ ಹೆಸರು ಹೇಳುತ್ತಾರೆ. ಅದು ಸಿಂಧೂ ಸೀಮೆಯೇ ಅಂತ ಬಹುತೇಕರ ಅಭಿಪ್ರಾಯ. ಮೆಲುಹ್ಹದ ಹಡಗುಗಳು ತನ್ನ ಕಟ್ಟೆಗೆ ಬಂದು ನಿಲ್ಲುತ್ತವೆ ಎಂದು ಅಕ್ಕಾಡಿನ ಸಾರ್ಗೋನ ರಾಜ ಜಂಬ ಕೊಚ್ಚಿಕೊಂಡಿದ್ದಾನೆ. ಆಮೇಲಿನ ಕಾಲದ ಮಣ್ಣಿನ ಹಲಗೆಗಳಲ್ಲಿ ‘ಮೆಲುಹ್ಹದ ಹಳ್ಳಿ’ ಎಂಬ ಊರೇ ಬರುತ್ತೆ. ಅದು ಲಗಾಶ್ ಪ್ರಾಂತದಲ್ಲಿ, ಗುಅಬ್ಬ ಎಂಬ ಪಟ್ಟಣದ ಆಸುಪಾಸಿನಲ್ಲಿತ್ತು. ಗುಅಬ್ಬ ಅಂದರೆ ಕಡಲಂಚು. ಈ ಗುಅಬ್ಬ ಯಾವುದಕ್ಕೆ ಹೆಸರಾಗಿತ್ತು ಗೊತ್ತೆ? ನೇಯ್ಗೆಗೆ.

ಸಿಂಧೂ ಲಿಪಿ ಮೂಕ; ಸುಮೇರಿನ ಲಿಪಿ ಮಾತಾಡುತ್ತೆ. ಊರ್ ಪಟ್ಟಣದ ಮೂರನೇ ರಾಜವಂಶದ ಕಾಲದಲ್ಲಿ, ಅಂದರೆ ಕ್ರಿ.ಪೂ. 2100ರಿಂದ 2000ದ ನಡುವೆ, ಲೆಕ್ಕದವರು ಹಸಿ ಹಲಗೆಯ ಮೇಲೆ ಬರೆದದ್ದು ಹತ್ತಾರು ಸಾವಿರ ಸಂಖ್ಯೆಯಲ್ಲಿ ಸಿಕ್ಕಿದೆ. ಅದರಲ್ಲಿ ದೇವಸ್ಥಾನದ, ಪ್ರಭುತ್ವದ ನೇಯ್ಗೆಮನೆಗಳ ಪಟ್ಟಿಗಳಿವೆ. ನೇಯುತ್ತಿದ್ದವರು ಹೆಂಗಸರು. ಸಾವಿರಾರು ಹೆಂಗಸರು. ಉಣ್ಣೆ ತೂಗಿ ಕೊಡುವುದು, ಬಟ್ಟೆ ತೂಗಿ ತಗೊಳ್ಳುವುದು. ಬಟ್ಟೆಗೆ ದರ್ಜೆಗಳು, ಮೊದಲ ದರ್ಜೆ ರಾಜನಿಗೆ. ನೇಯ್ದವಳಿಗೆ ತಿಂಗಳಿಗೆ ಸಾಮಾನ್ಯವಾಗಿ 30 ಸಿಲ ಜವೆಗೋಧಿ. ಒಂದು ಸಿಲ ಅಂದರೆ ಸುಮಾರು ಒಂದು ಲೀಟರು. ಗಂಡಾಳಿಗೆ 60. ಮಕ್ಕಳಿಗೆ ವಯಸ್ಸು ನೋಡಿ 10, 15, 20. ವರ್ಷಕ್ಕೊಮ್ಮೆ ಕಡಿಮೆ ದರ್ಜೆಯ ಉಣ್ಣೆ. ರಾಜನಿಗೆ ನಯವಾದ ಬಟ್ಟೆ ನೇಯ್ದವಳು ತನ್ನ ಮೈಗೆ ಒರಟು ಉಣ್ಣೆಯನ್ನೇ ಸುತ್ತಿಕೊಳ್ಳಬೇಕು.

ಈ ಪಟ್ಟಿಗಳಲ್ಲಿ ಹೆಂಗಸರ ಹೆಸರುಗಳಿವೆ. ಹೆಸರಿನ ಕೆಳಗೆ ಅವಳ ಮಕ್ಕಳು. ಕೆಲವು ಹೆಸರಿನ ಮುಂದೆ ‘ಸತ್ತಳು’ ಅಂತ ಒಂದು ಗುರುತು, ಕೆಲವರ ಮುಂದೆ ‘ಓಡಿಹೋದಳು’ ಅಂತ. ಲೆಕ್ಕದವನಿಗೆ ಎರಡೂ ಒಂದೇ, ಪಡಿ ಉಳಿಯಿತು. ನನಗೆ ಮಾತ್ರ ಆ ‘ಓಡಿಹೋದಳು’ ಅನ್ನೋ ಗುರುತಿನ ಹತ್ತಿರ ಬಹಳ ಹೊತ್ತು ನಿಲ್ಲಬೇಕು ಅನ್ನಿಸುತ್ತೆ. ಇವರಲ್ಲಿ ಯುದ್ಧದಲ್ಲಿ ಹಿಡಿದು ತಂದವರಿದ್ದರು. ದೇವಸ್ಥಾನಕ್ಕೆ ಹರಕೆಯಾಗಿ ಬಿಟ್ಟ ದಿಕ್ಕಿಲ್ಲದ ಹೆಂಗಸರೂ ಮಕ್ಕಳೂ ಇದ್ದರು. ಹರಕೆ ಬಿಡುವುದು ಅಂದರೆ ಏನು ಅಂತ ನಮ್ಮ ಕೇರಿಗಳಿಗೆ ಯಾರೂ ಬಿಡಿಸಿ ಹೇಳಬೇಕಾಗಿಲ್ಲ. ಗಂಡುಮಕ್ಕಳು ಬೆಳೆದ ಮೇಲೆ ಅವರನ್ನು ತಾಯಂದಿರಿಂದ ಬೇರೆ ಮಾಡಿ ದೋಣಿ ಎಳೆಯುವಂಥ ಕೆಲಸಕ್ಕೆ ಹಾಕುತ್ತಿದ್ದರು. ಹೆಣ್ಣುಮಕ್ಕಳು ತಾಯಿಯ ಜೊತೆ ಮಗ್ಗದ ಹತ್ತಿರವೇ ಬೆಳೆದರು.

ಮೂವತ್ತು ಅರವತ್ತರ ಈ ಲೆಕ್ಕವನ್ನು ನಮ್ಮಜ್ಜಿಗೆ ಹೇಳಿದೆ. ಅವಳಿಗೆ ಆಶ್ಚರ್ಯವೇ ಆಗಲಿಲ್ಲ. “ನಮ್ಗೂ ಹಂಗೇ ಕಣ್ಲಾ ಮಗ. ಗಂಡಾಳಿಗೆ ನಾಕು ಸೇರು ರಾಗಿ ಅಳುದ್ರೆ ಹೆಣ್ಣಾಳಿಗೆ ಎರಡೇ ಸೇರು” ಅಂದಳು. ಅಜ್ಜಿಯ ಅಪ್ಪ ಗುಂಡಿಮಗ್ಗದಲ್ಲಿ ಒರಟು ದುಪ್ಪಟಿ ನೇಯುತ್ತಿದ್ದನಂತೆ. ಬ್ರಿಟಿಷರ ಕಾಲದ ಜಾತಿ ವರದಿಗಳಲ್ಲಿ ‘ಮಗ್ಗದ ಹೊಲೆಯರು’ ಅನ್ನೋ ಒಳಪಂಗಡವೇ ಇದೆ. ಓದಿದವರು ಅದನ್ನೂ ನೋಡಬೇಕು. ನೇಯ್ದದ್ದನ್ನು ಜಗಲಿಯ ಮೇಲಿಟ್ಟು ಅವನು ದೂರ ನಿಲ್ಲಬೇಕು. ಕೊಳ್ಳುವವರು ಒಂದು ಹನಿ ನೀರು ಚಿಮುಕಿಸಿ ಎತ್ತಿಕೊಳ್ಳಬೇಕು. ಗಂಜಿ ಹಾಕಿದ, ಕಿತ್ತ ಎಳೆಯನ್ನು ಎಂಜಲು ಮಾಡಿ ಹೊಸೆದ ಕೈ ಆ ಬಟ್ಟೆಯ ಒಂದೊಂದು ಎಳೆಯನ್ನೂ ಮುಟ್ಟಿತ್ತು. ಹೊದ್ದು ಮಲಗಿದವರಿಗೆ ರಾತ್ರಿಯೆಲ್ಲಾ ಬೆಚ್ಚಗೇ ಇತ್ತು. ಆ ದುಪ್ಪಟಿಗಳಲ್ಲಿ ಒಂದೂ ಈಗ ಇಲ್ಲ. ಅವುಗಳಿಗೆ ಯಾವ ಬೆಳ್ಳಿ ಪಾತ್ರೆಯೂ ತಾಗಲಿಲ್ಲ.

ಹಾವೇರಿ ಜಿಲ್ಲೆಯಲ್ಲಿ, ತುಂಗಭದ್ರೆಯ ದಡದಲ್ಲಿ ಹಳ್ಳೂರು ಅಂತ ಇದೆ. 1965ರಲ್ಲಿ ಎಂ.ಎಸ್. ನಾಗರಾಜರಾವ್ ಅಲ್ಲಿ ಅಗೆಸಿದರು. ಆಮೇಲೆ ಬಂದವರು ಅಲ್ಲಿನ ಮಣ್ಣನ್ನು ನೀರಿಗೆ ಹಾಕಿ ಕದಡಿದರು. ಮಣ್ಣು ತಳಕ್ಕಿಳಿಯುತ್ತೆ, ಕರಿಕಾದ ಕಾಳು ತೇಲುತ್ತೆ, ಅದನ್ನು ಬಟ್ಟೆಯಲ್ಲಿ ಸೋಸಿ ಒಣಗಿಸಿ ಒಂದೊಂದಾಗಿ ಆರಿಸುತ್ತಾರೆ. ಹಾಗೆ ಹುರುಳಿ, ಹೆಸರು, ಕೊರಲೆ ತೇಲಿ ಬಂದವು. ಕ್ರಿ.ಪೂ. ಮೊದಲ ಸಹಸ್ರಮಾನದ ಆರಂಭದ ಪದರದಲ್ಲಿ ಹತ್ತಿಯೂ ಬಂತು, ಸುಟ್ಟು ಕಪ್ಪಾದದ್ದು. ಅಲ್ಲಿ ಬೆಳ್ಳಿಯಿಲ್ಲ, ರಾಜನಿಲ್ಲ, ಪಡಿಯ ಪಟ್ಟಿಯಿಲ್ಲ. ಯಾರೋ ಒಬ್ಬಳು ಹತ್ತಿ ಬಿಡಿಸುತ್ತಾ ಬೀಜವನ್ನು ಒಲೆಗೆ ಎಸೆದಿರಬೇಕು.

ನಮ್ಮಜ್ಜಿ ಈಗಲೂ ದೀಪಕ್ಕೆ ಬತ್ತಿ ಹೊಸೆಯುವಾಗ ಹಾಗೇ ಮಾಡ್ತಾಳೆ. ಹತ್ತಿ ಮಡಿಲಿಗೆ, ಬೀಜ ಒಲೆಗೆ.